ಕ್ಯಾಮೆರಾ ಹಿಡಿದವನೇ ಕಟಕಟೆಯಲ್ಲಿ: ಮಿರ್ಚಾ ದಾನೆಲ್ಯುಕ್ ಮತ್ತು ರೊಮೇನಿಯಾದ ಸಿನಿಮಾ

2007ರಲ್ಲಿ ರೊಮೇನಿಯಾದ ನಿರ್ದೇಶಕ ಕ್ರಿಸ್ತಿಯನ್ ಮುಂಜಿಯು ಕಾನ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಗೆದ್ದಾಗ, ಆ ದೇಶದ ಹೊಸ ತಲೆಮಾರಿನ ಸಿನಿಮಾ, ಅಂದರೆ ‘ಹೊಸ ಅಲೆ’, ದಿಢೀರನೆ ಉಕ್ಕಿ ಬಂದಿತೆಂದು ಹೊರಗಿನವರು ಬೆರಗಾದರು. ಆದರೆ ಅದರ ಬೇರು ಹುಡುಕುತ್ತ ಹೋದವರಿಗೆ ಹಿಂದಿನ ತಲೆಮಾರಿನ ಎರಡು ಹೆಸರುಗಳು ಖಂಡಿತ ಎದುರಾಗುತ್ತವೆ. ಒಂದು ಲುಚಿಯಾನ್ ಪಿಂತಿಲಿಯೆ, ಇನ್ನೊಂದು ಮಿರ್ಚಾ ದಾನೆಲ್ಯುಕ್. ಚಿತ್ರಕಥೆ ಬರೆದು, ನಿರ್ದೇಶಿಸಿ, ಅಗತ್ಯ ಬಿದ್ದರೆ ತಾವೇ ಬಣ್ಣ ಹಚ್ಚಿದ ಈ ಎರಡನೆಯವರ ಬಗ್ಗೆ ಹೊರಗೆ ಗೊತ್ತಿರುವುದು ತೀರ ಕಡಿಮೆ.

ದಾನೆಲ್ಯುಕ್ ಹುಟ್ಟಿದ್ದು 1943ರ ಏಪ್ರಿಲ್‌ನಲ್ಲಿ, ಹೋತಿನ್ ಎಂಬ ಊರಿನಲ್ಲಿ. ಯುದ್ಧದ ಆ ವರ್ಷಗಳಲ್ಲಿ ಸೋವಿಯತ್ ಒಕ್ಕೂಟಕ್ಕೂ ರೊಮೇನಿಯಾಕ್ಕೂ ನಡುವೆ ಕೈ ಬದಲಾಯಿಸುತ್ತಿದ್ದ ಆ ಊರು ಇಂದು ಉಕ್ರೇನಿನಲ್ಲಿದೆ. ಮುಂದೆ ಅವರು ಬುಖಾರೆಸ್ಟಿನಲ್ಲಿ ನಿರ್ದೇಶನ ಕಲಿತರು. ಕಾಲ ಮಾತ್ರ ಅನುಕೂಲವಾಗಿರಲಿಲ್ಲ. ಪಿಂತಿಲಿಯೆಯವರ ‘ರೆಕಾನ್‌ಸ್ಟಿಟುಯಿರಿಯಾ’ ಚಿತ್ರವನ್ನು ಸರ್ಕಾರ ಆಗಲೇ ತೆರೆಯಿಂದ ಇಳಿಸಿತ್ತು. 1971ರ ಜುಲೈನಲ್ಲಿ ದೇಶದ ಕಮ್ಯುನಿಸ್ಟ್ ಸರ್ವಾಧಿಕಾರಿ ಚೌಸೆಸ್ಕು ಹೊರಡಿಸಿದ ‘ಜುಲೈ ಪ್ರಬಂಧಗಳು’ ಕಲೆಯೆಲ್ಲ ಪಕ್ಷದ ಪಾಠ ಒಪ್ಪಿಸಬೇಕೆಂದು ಕಟ್ಟಪ್ಪಣೆ ಮಾಡಿದ್ದವು. ಹಣ, ಸ್ಟುಡಿಯೊ, ಚಿತ್ರಮಂದಿರ ಎಲ್ಲವೂ ಸರ್ಕಾರದ್ದೇ; ಸೆನ್ಸಾರ್ ಕತ್ತರಿಯೂ ಅದರದ್ದೇ.

1975ರ ಮೊದಲ ಚಿತ್ರ ‘ಕುರ್ಸಾ’ದಲ್ಲಿ ಭಾರದ ಸರಕು ಹೊತ್ತ ಲಾರಿ, ಇಬ್ಬರು ಚಾಲಕರು, ದಾರಿಯಲ್ಲಿ ಜೊತೆಯಾಗುವ ಒಬ್ಬ ಹೆಣ್ಣುಮಗಳು. ಘೋಷಣೆಗಳ ಗೊಡವೆಯಿಲ್ಲ. ಆದರೆ ಅವರ ನಿಜವಾದ ಧೈರ್ಯ ಕಾಣುವುದು 1980ರ ‘ಪ್ರೊಬಾ ದೆ ಮಿಕ್ರೊಫೊನ್’ನಲ್ಲಿ. ಟಿಕೆಟ್ ಇಲ್ಲದೆ ರೈಲು ಹತ್ತಿದವರ ಮುಖಕ್ಕೆ ಮೈಕ್ ಹಿಡಿದು ನೀತಿ ಬೋಧಿಸುವ ಸರ್ಕಾರಿ ದೂರದರ್ಶನದ ತಂಡ ಒಂದು. ಹಾಗೆ ಸಿಕ್ಕಿಬಿದ್ದ ಆನಿ ಎಂಬ ಯುವತಿಯ ಹಿಂದೆ ಬೀಳುವ ಕ್ಯಾಮೆರಾಮನ್ ನೆಲು. ಆನಿಯಾಗಿ ತೋರಾ ವಸಿಲೆಸ್ಕು, ನೆಲುವಾಗಿ ಸ್ವತಃ ದಾನೆಲ್ಯುಕ್. ನನಗೆ ಇದು ಬರಿಯ ಪಾತ್ರ ಹಂಚಿಕೆಯಾಗಿ ಕಾಣುವುದಿಲ್ಲ. ಇತರರ ಬದುಕನ್ನು ಚಿತ್ರೀಕರಿಸಿ ತೀರ್ಪು ಕೊಡುವ ಕಸುಬನ್ನೇ ಪ್ರಶ್ನಿಸುವ ಚಿತ್ರದಲ್ಲಿ, ಆ ಕಸುಬಿನವನಾಗಿ ನಿರ್ದೇಶಕನೇ ನಿಂತಾಗ ತಪ್ಪಿಸಿಕೊಳ್ಳುವ ದಾರಿ ಉಳಿಯುವುದಿಲ್ಲ. ಬೇರೆ ನಟನಿದ್ದಿದ್ದರೆ ಚಿತ್ರದ ಮೊನೆ ಅರ್ಧ ಮೊಂಡಾಗುತ್ತಿತ್ತು.

ಮುಂದಿನ ವರ್ಷವೇ ‘ಕ್ರೊಅಜಿಯೆರಾ’ ಬಂತು. ಡ್ಯಾನ್ಯೂಬ್ ನದಿಯ ವಿಹಾರಕ್ಕೆ ಹೊರಟ ಯುವಜನರ ಗುಂಪೊಂದರ ನೆಪದಲ್ಲಿ ಅದು ಇಡೀ ವ್ಯವಸ್ಥೆಯನ್ನೇ ಗೇಲಿ ಮಾಡಿತು. 1984ರ ‘ಗ್ಲಿಸ್ಸಾಂಡೊ’ ವಿಷಯದಲ್ಲಿ ಅಧಿಕಾರಿಗಳೊಂದಿಗಿನ ಜಗಳ ಎಷ್ಟು ಮುಂದುವರಿಯಿತೆಂದರೆ, ದಾನೆಲ್ಯುಕ್ ಕಮ್ಯುನಿಸ್ಟ್ ಪಕ್ಷದ ಸದಸ್ಯತ್ವವನ್ನೇ ಹಿಂದಿರುಗಿಸಿದರು. ಆ ಕಾಲದ ರೊಮೇನಿಯಾದಲ್ಲಿ ಇದು ಸಣ್ಣ ಮಾತಲ್ಲ.

1988ರ ‘ಯಾಕೊಬ್’ಗೆ ಆಧಾರ ರೊಮೇನಿಯಾದ ಲೇಖಕ ಜಿಯೊ ಬೊಗ್ಜಾ ಅವರ ಬರಹ. ಚಿನ್ನದ ಗಣಿಯ ಕಾರ್ಮಿಕನೊಬ್ಬ ಮನೆ ಸೇರಲು ಅದಿರು ಸಾಗಿಸುವ ತಂತಿಯ ತೊಟ್ಟಿಲು ಏರುತ್ತಾನೆ. ಅದು ಕೊರೆಯುವ ಚಳಿಯಲ್ಲಿ ನಡುದಾರಿಯಲ್ಲೇ ನಿಂತುಬಿಡುತ್ತದೆ. ಡೊರೆಲ್ ವಿಶಾನ್ ಅಭಿನಯದ ಈ ಚಿತ್ರದ ಕಥೆ ಎರಡು ಮಹಾಯುದ್ಧಗಳ ನಡುವಿನ ಕಾಲದ್ದು. ಆದರೆ ಬಿಡುಗಡೆಯಾದಾಗ ದೇಶ ವಿದೇಶಿ ಸಾಲ ತೀರಿಸುವ ಹೆಸರಿನಲ್ಲಿ ಬ್ರೆಡ್ಡಿಗೂ ಶಾಖಕ್ಕೂ ಪಡಿತರ ಅನುಭವಿಸುತ್ತಿತ್ತು. ಆ ಚಳಿ ಯಾರದೆಂದು ಪ್ರೇಕ್ಷಕರಿಗೆ ವಿವರಿಸಬೇಕಿರಲಿಲ್ಲ.

1989ರ ಡಿಸೆಂಬರ್‌ನಲ್ಲಿ ಚೌಸೆಸ್ಕು ಆಡಳಿತ ಕುಸಿಯಿತು. ಕತ್ತರಿ ಹೋಯಿತು, ಅದರೊಂದಿಗೆ ಪ್ರೇಕ್ಷಕರೂ ಹೋದರು. ಚಿತ್ರಮಂದಿರಗಳು ಒಂದೊಂದಾಗಿ ಬಾಗಿಲು ಹಾಕತೊಡಗಿದವು. ಬರ್ಲಿನ್ ಸ್ಪರ್ಧೆಗೆ ಹೋದ 1993ರ ‘ಪಾತುಲ್ ಕೊಂಜುಗಾಲ್’ನ ನಾಯಕ (ಗಿಯೋರ್ಗೆ ದಿನಿಕಾ) ಅಂಥದೇ ಒಂದು ಚಿತ್ರಮಂದಿರದ ವ್ಯವಸ್ಥಾಪಕ. 1995ರಲ್ಲಿ ಕಾನ್ ಸ್ಪರ್ಧೆಯಲ್ಲಿದ್ದ ‘ಸೆನಾತೊರುಲ್ ಮೆಲ್ಚಿಲೊರ್’ ಹೊಸ ಪ್ರಜಾಪ್ರಭುತ್ವದ ಸೆನೆಟರ್‌ನನ್ನು, ಅವನ ಸುತ್ತಲಿನ ಹೊಗಳುಭಟರನ್ನು ಎಳೆದಾಡುತ್ತದೆ. ಎರಡರಲ್ಲೂ ಸಿಟ್ಟು ಸಂಯಮ ಮೀರಿದೆ, ನಗು ಕಿರುಚಾಟಕ್ಕೆ ತಿರುಗಿದೆ. ಕಳ್ಳದಾರಿಯಲ್ಲಿ ಮಾತನಾಡಬೇಕಿದ್ದಾಗ ಇದ್ದ ಬಿಗಿ, ಎಲ್ಲವನ್ನೂ ಹೇಳಬಹುದಾದಾಗ ಸಡಿಲವಾಯಿತು ಎನ್ನಿಸುತ್ತದೆ. ಹೊಸ ಅಲೆಯ ಕ್ರಿಸ್ತಿ ಪುಯು, ಮುಂಜಿಯು ಮೊದಲಾದವರ ಚಿತ್ರಗಳಲ್ಲಿ ಕಾಣುವುದು 1980ರ ದಾನೆಲ್ಯುಕ್ ಅವರ ಗುಣಗಳೇ: ನಿಜವಾದ ಬೀದಿ, ದಿನನಿತ್ಯದ ಮಾತು, ಸಣ್ಣ ಅಧಿಕಾರಿಯ ದರ್ಪ. ತೊಂಬತ್ತರ ದಶಕದ ಆ ಕಿರುಚಾಟ ಅವುಗಳಲ್ಲಿ ಇಲ್ಲ.