ಹಳೆ ಫೂಟೇಜ್ ಹುಡುಕೋ ಕೆಲಸ: ಅಂಬಾರಿ ನೋಡಿ, ನಂಬರ್ ಪ್ಲೇಟೂ ನೋಡಿ

ಸಾಕ್ಷ್ಯಚಿತ್ರಕ್ಕೋ ಟಿವಿ ಕಾರ್ಯಕ್ರಮಕ್ಕೋ ಬೇಕಾದ ಹಳೆ ದೃಶ್ಯವನ್ನು ಹುಡುಕಿ, ಅದು ನಿಜವಾ ಅಂತ ನೋಡಿ, ಬಳಸಲು ಅನುಮತಿ ತರುವವರು ಆರ್ಕೈವ್ ರಿಸರ್ಚರ್. ಹುಡುಕೋದು ಹೇಗೋ ಆಗುತ್ತದೆ. ತಲೆ ಜಾಸ್ತಿ ಓಡಿಸಬೇಕಾದ್ದು ಆಮೇಲೆ.

ಸಿಗುವ ಜಾಗಗಳು: 1948ರಲ್ಲಿ ಶುರುವಾದ, ಕೇಂದ್ರ ಸರ್ಕಾರದ ಫಿಲ್ಮ್ಸ್ ಡಿವಿಷನ್‌ನ ನ್ಯೂಸ್‌ರೀಲುಗಳು, ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ, ದೂರದರ್ಶನ. ಮೊದಲೆರಡೂ ಈಗ ಸರ್ಕಾರಿ ಚಲನಚಿತ್ರ ನಿಗಮವಾದ ಎನ್‌ಎಫ್‌ಡಿಸಿ ಕೆಳಗಿವೆ. ಇಂಗ್ಲೆಂಡಿನ ಹಳೆ ಸುದ್ದಿಚಿತ್ರಗಳ ಸಂಗ್ರಹ ಬ್ರಿಟಿಷ್ ಪಾಥೆ 2014ರಲ್ಲಿ ಸುಮಾರು 85,000 ತುಣುಕುಗಳನ್ನು ಯೂಟ್ಯೂಬಿಗೆ ಹಾಕಿತು. ನೋಡೋಕೆ ಪುಕ್ಕಟೆ, ನಮ್ಮ ಚಿತ್ರದಲ್ಲಿ ಹಾಕಿಕೊಳ್ಳೋಕೆ ದುಡ್ಡು ಕೊಡಬೇಕು. ಇನ್ನೊಂದು, ಇವತ್ತಿನ ವಿಳಾಸ ಇಟ್ಟುಕೊಂಡು ಹುಡುಕಬೇಡಿ. ಮಂಡ್ಯ ಜಿಲ್ಲೆ ಆಗಿದ್ದೇ 1939ರಲ್ಲಿ. ಈಗ ಮಂಡ್ಯ ಜಿಲ್ಲೆಯಲ್ಲಿರುವ ಕನ್ನಂಬಾಡಿ ಕಟ್ಟೆಯನ್ನು ಅದಕ್ಕೂ ಮುಂಚೆ ಕಟ್ಟುತ್ತಿದ್ದ ಕಾಲದ ದೃಶ್ಯ ಬೇಕಾದರೆ ಮೈಸೂರಿನ ಪಟ್ಟಿಯನ್ನೇ ಜಾಲಾಡಬೇಕು.

ಈಗ ಪರೀಕ್ಷೆ. ಡಬ್ಬದ ಮೇಲಿನ ಚೀಟಿಯನ್ನು ಸುಮ್ನೆ ನಂಬಬಾರದು. 'ಮೈಸೂರು ದಸರಾ, 1945' ಅಂತ ಬರೆದಿದೆ ಅಂದುಕೊಳ್ಳಿ. ಮೊದಲು ಅಂಬಾರಿಯಲ್ಲಿ ಯಾರಿದ್ದಾರೆ ನೋಡಿ. ನಾಲ್ವಡಿಯವರು ಕೂತಿದ್ದರೆ ಚೀಟಿ ತಪ್ಪು. ಅವರು ತೀರಿಕೊಂಡದ್ದು 1940ರ ಆಗಸ್ಟ್‌ನಲ್ಲಿ. ಜಯಚಾಮರಾಜ ಒಡೆಯರಿದ್ದರೆ 1945 ಇರಬಹುದು. ಚಾಮುಂಡೇಶ್ವರಿ ವಿಗ್ರಹ ಇದ್ದರೆ ರಾಜರ ಕಾಲ ಮುಗಿದ ಮೇಲಿನದು. ಹಾಗೇ, '1970ರ ದಶಕ' ಅಂತ ಬಂದ ಕಲರ್ ತುಣುಕಿನ ಮೂಲೆಯಲ್ಲಿ ಕೆಎ-09 ಪ್ಲೇಟಿನ ಸ್ಕೂಟರ್ ನಿಂತಿದ್ದರೆ ಮಾತು ಮುಗೀತು. ಕೆಎ ಸರಣಿ ಬಂದದ್ದು 1989ರಲ್ಲಿ.

ಅಂಗಡಿ ಬೋರ್ಡ್‌ಗಳನ್ನೂ ಓದಿ. ಅಕ್ಷರ ಕನ್ನಡಿಯಲ್ಲಿ ಕಂಡಂತೆ ತಿರುಗಿದ್ದರೆ ಫಿಲ್ಮನ್ನು ಉಲ್ಟಾ ಹಾಕಿ ಸ್ಕ್ಯಾನ್ ಮಾಡಿದ್ದಾರೆ ಅಂತರ್ಥ. ಕನ್ನಡ ಬಾರದವರ ಕಣ್ಣಿಗೆ ಇದು ಬೀಳೋದು ಕಷ್ಟ, ನಮಗೆ ಥಟ್ಟಂತ ಗೊತ್ತಾಗುತ್ತೆ ಅಲ್ವಾ?

ಹಕ್ಕಿನ ವಿಷಯಕ್ಕೆ ಬಂದರೆ, ನಮ್ಮ ಕಾನೂನಿನಲ್ಲಿ ಸಿನಿಮಾದ ಕಾಪಿರೈಟ್ ಬಿಡುಗಡೆಯಾದ ಮುಂದಿನ ವರ್ಷದಿಂದ 60 ವರ್ಷ. 1960ರ ಚಿತ್ರದ್ದು 2020ರ ಕೊನೆಗೆ ಮುಗಿಯಿತು. ಆದರೆ ಅದರೊಳಗಿನ ಹಾಡಿನ ಸಾಹಿತ್ಯದ ಲೆಕ್ಕ ಬೇರೆ. ಬರೆದವರು ತೀರಿಕೊಂಡ ಮೇಲೆ 60 ವರ್ಷ. ಮೆರವಣಿಗೆ ದೃಶ್ಯದ ಹಿಂದೆ ಮೈಕಿನಲ್ಲಿ ಸಿನಿಮಾ ಹಾಡು ಬರುತ್ತಿದ್ದರೆ ಅದಕ್ಕೂ ಬೇರೆಯಾಗಿ ಕೇಳಬೇಕು. ಎಷ್ಟೋ ಸಲ ದನಿ ತೆಗೆದುಹಾಕೋದೇ ಸುಲಭ.

ಲೈಸೆನ್ಸ್ ದರ ಸಾಮಾನ್ಯವಾಗಿ ಸೆಕೆಂಡ್ ಅಥವಾ ನಿಮಿಷದ ಲೆಕ್ಕ. ಅದರ ಜೊತೆಗೆ ಯಾವ ದೇಶ, ಎಷ್ಟು ವರ್ಷ, ಟಿವಿನಾ ಓಟಿಟಿನಾ ಅನ್ನೋದೂ ಸೇರುತ್ತದೆ. ಆರ್ಕೈವಿನವರು ಮೊದಲು ಕೊಡೋದು ವಾಟರ್‌ಮಾರ್ಕ್ ಇರುವ, ಟೈಮ್‌ಕೋಡ್ (ರೀಲಿನ ಎಷ್ಟನೇ ಸೆಕೆಂಡ್ ಅಂತ ತೋರಿಸುವ ಅಂಕಿ) ಮೂಡಿಸಿದ ಕಾಪಿ. ಎಡಿಟರ್ ಅದನ್ನೇ ಟೈಮ್‌ಲೈನ್‌ನಲ್ಲಿ ಹಾಕಿಕೊಳ್ಳುತ್ತಾರೆ. ಫ್ರೇಮ್ ಹಿಗ್ಗಿಸಿ ಆ ಅಂಕಿಗಳು ಪರದೆಯಾಚೆ ಹೋದರೆ, ಕೊನೆಗೆ ಯಾವ ಸೆಕೆಂಡಿನಿಂದ ಯಾವ ಸೆಕೆಂಡಿನವರೆಗೆ ಮಾಸ್ಟರ್ (ಗುರುತು, ಅಂಕಿ ಇಲ್ಲದ ಪೂರ್ತಿ ಗುಣಮಟ್ಟದ ಕಾಪಿ) ಬೇಕು ಅಂತ ಹೇಳೋಕೆ ರೀಲನ್ನು ಮೊದಲಿಂದ ನೋಡುತ್ತಾ ಕೂರಬೇಕು. ಅದಕ್ಕೇ ಪ್ರತಿ ಶಾಟಿನ ಟೈಮ್‌ಕೋಡನ್ನು ಅವತ್ತೇ ಬೇರೆ ಹಾಳೆಯಲ್ಲಿ ಬರೆದಿಟ್ಟುಕೊಳ್ಳಿ.