ವ್ಯಂಗ್ಯಚಿತ್ರದೊಳಗಿನ ಆ ‘ವ್ಯಂಗ್ಯ’ ಎಂತದ್ದು?

ಮೊನ್ನೆ ಉಡುಪಿಯಲ್ಲಿ ಬಸ್‌ಸ್ಟ್ಯಾಂಡ್ ಹತ್ರದ ಹೋಟೆಲಲ್ಲಿ ಬನ್ಸ್ ತಿಂತಾ ಕೂತಿದ್ದೆ. ಎದುರು ಕೂತವರು ಪೇಪರ್ ಬಿಡಿಸಿ ಅದರಲ್ಲಿದ್ದ ಕಾರ್ಟೂನ್ ನೋಡಿದ್ರು, ಮತ್ತೊಮ್ಮೆ ನೋಡಿದ್ರು, ಆಮೇಲೆ ನನ್ನ ಕಡೆ ತಿರುಗಿ, "ಇದ್ರಲ್ಲಿ ನಗ್ಲಿಕ್ಕೆ ಎಂತ ಉಂಟು ಮಾರಾಯ್ರೆ?" ಅಂತ ಕೇಳಿದ್ರು. ಚಿತ್ರ ಇಷ್ಟೇ: ರಸ್ತೆ ಮಧ್ಯ ಒಂದು ಗುಂಡಿ, ಗುಂಡಿ ತುಂಬ ಮಳೆನೀರು, ನೀರಲ್ಲಿ ಮಗುವಿನದ್ದೊಂದು ಸಣ್ಣ ಚಪ್ಪಲಿ ತೇಲ್ತಾ ಉಂಟು, ಹಿಂದೆ ‘ಸುಸ್ವಾಗತ’ ಅಂತ ದೊಡ್ಡ ಫ್ಲೆಕ್ಸ್. ನಗ್ಲಿಕ್ಕೆ ಎಂತದೂ ಇಲ್ಲ, ಅವರು ಹೇಳಿದ್ದು ಸರಿಯೇ. ಆದ್ರೆ ನಗಿಸ್ಬೇಕು ಅಂತ ಯಾರು ಹೇಳಿದ್ದು?

ಈ ಗೊಂದಲಕ್ಕೆ ಆ ಪದವೇ ಕಾರಣ ಅಂತ ನಂಗನಿಸ್ತದೆ. ವ್ಯಂಗ್ಯ ಅಂದ ಕೂಡ್ಲೇ ನಮ್ಗೆ ಅಣಕ, ಕೊಂಕು ಅಂತ ತಲೆಗೆ ಬರ್ತದೆ, ಮನೆಯಲ್ಲಿ ಯಾರಾದ್ರೂ ಸ್ವಲ್ಪ ಕೆಣಕಿದ್ರೆ "ವ್ಯಂಗ್ಯ ಮಾತಾಡ್ಬೇಡ" ಅಂತೇವಲ್ಲ, ಹಾಗೆ. ಕಾವ್ಯ ಓದಿದವರು ಈ ಪದವನ್ನ ಬಳಸೋದು ಬೇರೆ ತರ. ಸುಮಾರು ಸಾವಿರದ ನೂರು ವರ್ಷ ಹಿಂದೆ ಕಾಶ್ಮೀರದ ಕಾವ್ಯಮೀಮಾಂಸಕ ಆನಂದವರ್ಧನ ಧ್ವನಿಯ (ಅಂದ್ರೆ ಕಾವ್ಯ ಸೂಚಿಸುವ ಅರ್ಥದ) ಬಗ್ಗೆ ಹೇಳುವಾಗ ಮಾತಿಗೆ ಎರಡು ಅರ್ಥ ಅಂತ ಬಿಡಿಸ್ತಾನೆ, ಶಬ್ದ ನೇರ ಹೇಳಿದ್ದು ವಾಚ್ಯ, ಹೇಳದೆ ಹೊಳೆಸಿದ್ದು ವ್ಯಂಗ್ಯ. ಉದಾಹರಣೆಗೆ ಅಷ್ಟು ದೂರ ಯಾಕೆ ಹೋಗ್ಬೇಕು. ಸಂಜೆ ಬಂದ ನೆಂಟರು ಏಳ್ತಾ ಇಲ್ಲ, ಒಳಗಿಂದ ಅತ್ತೆ ಬಂದು "ಲಾಸ್ಟ್ ಬಸ್ ಎಂಟು ಗಂಟೆಗಲ್ವಾ?" ಅಂತ ಕೇಳಿದ್ರು ಅಂತಿಟ್ಕೊಳ್ಳಿ. ವಾಚ್ಯ: ಬಸ್ಸಿನ ಟೈಮು. ವ್ಯಂಗ್ಯ ಎಂತ ಅಂತ ನಿಮ್ಗೆ ಗೊತ್ತಾಯ್ತು, ನೆಂಟರಿಗೂ ಗೊತ್ತಾಗಿರ್ತದೆ.

ಹಾಗಾಗಿ ವ್ಯಂಗ್ಯಚಿತ್ರ ಅಂದ್ರೆ ಹೇಳದೆ ಹೇಳುವ ಚಿತ್ರ. ಇದನ್ನ ಹೇಳಿದ ಮೇಲೆ ಆ ಮನುಷ್ಯರು ಚಿತ್ರವನ್ನ ಮತ್ತೆ ಹತ್ರ ತಂದು ನೋಡಿದ್ರು, "ಹಾಂ, ಚಪ್ಪಲಿ ಒಂದೇ ಉಂಟು" ಅಂದ್ರು. ಅಷ್ಟೇ. ಬರೀ ನಗಿಸ್ಲಿಕ್ಕೆ ಬರೆದದ್ದಕ್ಕೆ ನಗೆಚಿತ್ರ ಅನ್ನುವ ಬೇರೆ ಚಂದದ ಪದ ಕನ್ನಡದಲ್ಲೇ ಉಂಟು, ನಾವು ಎರಡನ್ನೂ ಕಲಸಿ ಕಾರ್ಟೂನ್ ಅಂತ ಒಂದೇ ಡಬ್ಬಕ್ಕೆ ಹಾಕಿದ್ದೇವೆ.

ಕಾರ್ಟೂನ್ ಪದದ್ದೂ ಒಂದು ಕಥೆ. ಮೂಲ ಇಟಲಿಯದ್ದು, ದಪ್ಪ ಕಾಗದ ಅಂತ ಅರ್ಥ, ಗೋಡೆ ಚಿತ್ರ ಬಿಡಿಸುವ ಮುಂಚೆ ಕಲಾವಿದರು ದಪ್ಪ ಕಾಗದದ ಮೇಲೆ ಹಾಕ್ತಿದ್ದ ಕರಡಿಗೇ ಆ ಹೆಸರು ಬಂತು. 1843ರಲ್ಲಿ ಲಂಡನ್ನಿನ ಪಾರ್ಲಿಮೆಂಟ್ ಕಟ್ಟಡದ ಗೋಡೆಗೆ ಅಂತ ಇಂಥ ಕರಡುಗಳ ಪ್ರದರ್ಶನ ನಡೀತು, ಊರಲ್ಲಿ ಬಡವರು ಊಟಕ್ಕಿಲ್ಲದೆ ಇರುವಾಗ ಇದೆಂತ ಚಿತ್ರದ ಮರ್ಲು ಅಂತ ಅಲ್ಲಿನ ‘ಪಂಚ್’ ಹಾಸ್ಯಪತ್ರಿಕೆ ಜುಲೈಯಲ್ಲಿ ಜಾನ್ ಲೀಚ್ ಹತ್ರ ಒಂದು ಚಿತ್ರ ಮಾಡಿಸಿ ಅದಕ್ಕೆ ‘ಕಾರ್ಟೂನ್ ನಂಬರ್ 1’ ಅಂತ ಹೆಸರಿಟ್ಟಿತು. ಹರುಕು ಬಟ್ಟೆಯ ಬಡವರು ಪ್ರದರ್ಶನದಲ್ಲಿ ನಿಂತು ಗೋಡೆಯ ಚಿತ್ರ ನೋಡ್ತಾ ಇರುವ ಹಾಗೆ. ಅಲ್ಲಿಂದ ಈ ಪದಕ್ಕೆ ಈಗಿನ ಅರ್ಥ. ನಂಗೆ ಖುಷಿಯಾಗುವ ವಿಷಯ ಎಂತ ಅಂದ್ರೆ ಅದೇ 1843ರ ಅದೇ ಜುಲೈ ತಿಂಗಳ ಒಂದನೇ ತಾರೀಕಿಗೆ ಮಂಗಳೂರಲ್ಲಿ ಬಾಸೆಲ್ ಮಿಶನ್ನಿನ ಮೊಗ್ಲಿಂಗ್ ‘ಮಂಗಳೂರ ಸಮಾಚಾರ’ ಶುರು ಮಾಡಿದ್ದು, ಕನ್ನಡದ ಮೊದಲ ಪತ್ರಿಕೆ, ಕಲ್ಲಚ್ಚಿನದ್ದು. ಎರಡಕ್ಕೂ ಸಂಬಂಧ ಇಲ್ಲ ಬಿಡಿ, ಸುಮ್ನೆ ಹೇಳಿದೆ.

ಇನ್ನು ಸಂಪಾದಕೀಯ ವ್ಯಂಗ್ಯಚಿತ್ರ ಅಂದ್ರೆ ಎಡಿಟೋರಿಯಲ್‌ಗೆ ಬಿಡಿಸಿದ ಚಿತ್ರ ಅಂತ ತುಂಬ ಜನ ತಿಳ್ಕೊಂಡಿದ್ದಾರೆ, ಹಾಗಲ್ಲ. ಎಡಿಟೋರಿಯಲ್ ಹೇಗೆ ಒಂದು ಅಭಿಪ್ರಾಯವೋ ಹಾಗೆ ಇದೂ ಒಂದು ಅಭಿಪ್ರಾಯ, ಗೆರೆಯಲ್ಲಿ ಹೇಳಿದ್ದು. ಒಂದು ಕಾಲಂ ಅಗಲದ ಸಣ್ಣದಾದ್ರೆ ಪಾಕೆಟ್ ಕಾರ್ಟೂನ್. ಮುಖದ ಒಂದು ಅಂಶ ಹಿಡ್ದು ಎಳೆದು ದೊಡ್ಡದು ಮಾಡಿದ್ರೆ ಕ್ಯಾರಿಕೇಚರ್.

ವ್ಯಂಗ್ಯ ಹೇಗೆ ಕೆಲಸ ಮಾಡ್ತದೆ ಅಂತ ನೋಡ್ಬೇಕಾದ್ರೆ ಕಾರ್ಟೂನಿಸ್ಟ್ ಅಬು ಅಬ್ರಹಾಂ ಅವರದ್ದೊಂದು ಚಿತ್ರ ನೋಡ್ಬೇಕು. 1975ರ ಡಿಸೆಂಬರ್, ಎಮರ್ಜೆನ್ಸಿ ಟೈಮು. ರಾಷ್ಟ್ರಪತಿ ಬಾತ್‌ಟಬ್ಬಲ್ಲಿ ಕೂತಿದ್ದಾರೆ, ಬಾಗಿಲ ಸಂದಿಯಿಂದ ಬಂದ ಕೈಗೆ ಸೈನ್ ಹಾಕಿದ ಕಾಗದ ಕೊಡ್ತಾ, ಇನ್ನೂ ಸುಗ್ರೀವಾಜ್ಞೆ ಇದ್ರೆ ಸ್ವಲ್ಪ ಕಾಯ್ಲಿಕ್ಕೆ ಹೇಳಿ ಅಂತಾರೆ. ಎಮರ್ಜೆನ್ಸಿ ಕೆಟ್ಟದ್ದು ಅಂತ ಒಂದಕ್ಷರ ಎಲ್ಲಿಯೂ ಇಲ್ಲ. ಮೈಸೂರಿನ ಆರ್.ಕೆ. ಲಕ್ಷ್ಮಣ್ ಅವರ ಚೌಕಳಿ ಕೋಟಿನ ಶ್ರೀಸಾಮಾನ್ಯನೂ ಅಷ್ಟೇ, ಮಾತೇ ಆಡುವುದಿಲ್ಲ, ಸುಮ್ನೆ ಮೂಲೆಯಲ್ಲಿ ನಿಂತು ನೋಡ್ತಾನೆ. ಲಕ್ಷ್ಮಣ್ ಅಂದ್ರೆ ಮುಂಬೈಯ ಜೆ.ಜೆ. ಕಲಾಶಾಲೆ ಸೀಟು ಕೊಡದ ಹುಡುಗ, ಕನ್ನಡದ ಹಾಸ್ಯಪತ್ರಿಕೆ ‘ಕೊರವಂಜಿ’ಗೆ ಚಿತ್ರ ಬರೆದವರು, ಆಮೇಲೆ ಮುಂಬೈಯ ಟೈಮ್ಸ್ ಆಫ್ ಇಂಡಿಯಾದಲ್ಲಿ ದಶಕಗಟ್ಟಲೆ ದಿನಾ ಬರೆದ್ರು. ನಮ್ಮ ಕಡೆ ಯಕ್ಷಗಾನದ ಹಾಸ್ಯಗಾರನನ್ನ ನೋಡಿದವರಿಗೆ ಇದೆಲ್ಲ ಹೊಸತಲ್ಲ. ರಾಜನ ಎದುರೇ ದೂತನಾಗಿ ನಿಂತು, ಪುರಾಣದ ಪ್ರಸಂಗದ ಮಧ್ಯ ಇವತ್ತಿನ ಕರೆಂಟ್ ಬಿಲ್ಲಿನ ಮಾತು ತೇಲಿಸಿ ಬಿಡ್ತಾನಲ್ಲ, ರಾಜನಿಗೂ ಸಿಟ್ಟು ಮಾಡ್ಲಿಕ್ಕೆ ಆಗುವುದಿಲ್ಲ.

ಬಹುಶಃ ಅದಕ್ಕೇ ಇರ್ಬೇಕು ಕುಂದಾಪುರ ಕಡೆ ಇಷ್ಟು ಕಾರ್ಟೂನಿಸ್ಟ್‌ಗಳು (ಇದು ನನ್ನ ಗುಮಾನಿ ಮಾತ್ರ). ಸತೀಶ ಆಚಾರ್ಯ ಮುಂಬೈಗೆ ಹೋಗಿ ಮಿಡ್ ಡೇ ಪತ್ರಿಕೆಯಲ್ಲಿ ವರ್ಷಗಟ್ಟಲೆ ಸ್ಟಾಫ್ ಕಾರ್ಟೂನಿಸ್ಟ್ ಆಗಿದ್ದವರು, ಆಮೇಲೆ ಊರಿಗೇ ವಾಪಸ್ ಬಂದು ಕುಂದಾಪುರದಿಂದಲೇ ಬಿಡಿಸಿ ಕಳಿಸ್ತಾರೆ. ಪಂಜು ಗಂಗೊಳ್ಳಿ ಇನ್ನೂ ವಿಶೇಷ, ಮುಂಬೈಯಲ್ಲಿದ್ದು ವ್ಯಂಗ್ಯಚಿತ್ರ ಬರೀತಾ ಬರೀತಾನೇ ಕುಂದಾಪ್ರ ಕನ್ನಡಕ್ಕೆ ನಿಘಂಟು ಕಟ್ಟಿದ್ರು. ಊರಲ್ಲಿ ಕಾರ್ಟೂನು ಹಬ್ಬವೂ ಆಗ್ತದೆ.

ಆದ್ರೆ ಕೆಲಸ ಅಂತ ನೋಡಿದ್ರೆ ಕಷ್ಟವೇ. ಪತ್ರಿಕೆಗೆ ಖರ್ಚು ಉಳಿಸ್ಬೇಕು ಅಂತಾದಾಗ ಮೊದ್ಲು ಹೋಗುವ ಕುರ್ಚಿಗಳಲ್ಲಿ ಕಾರ್ಟೂನಿಸ್ಟಿನದ್ದೊಂದು. ಉಳಿದವರಲ್ಲಿ ಎಷ್ಟೋ ಜನ ಪೇಜ್ ಡಿಸೈನೂ ಮಾಡ್ತಾರೆ, ಕಥೆಗಳಿಗೆ ಇಲಸ್ಟ್ರೇಶನ್ನೂ ಹಾಕ್ತಾರೆ, ರಾತ್ರಿ ತಮ್ಮದೇ ಫೇಸ್‌ಬುಕ್ಕಿಗೆ ಬಿಡಿಸ್ತಾರೆ, ಅಲ್ಲಿ ಬೈಗುಳ ಫ್ರೀ. 2018ರಲ್ಲಿ ಚೀನಾದ ಬಗ್ಗೆ ಬಿಡಿಸಿದ ಒಂದು ಕಾರ್ಟೂನನ್ನ ದೆಹಲಿಯ ಪತ್ರಿಕೆ ಹಾಕ್ಲಿಕ್ಕೆ ಒಪ್ಪದೆ ಸತೀಶರ ಅಲ್ಲಿನ ನಂಟು ಮುಗೀತು, ಅದು ದೊಡ್ಡ ಸುದ್ದಿಯಾಯ್ತು. ಸುದ್ದಿಯಾಗದ್ದೇ ಜಾಸ್ತಿ.

ನಾನು ಮಂಗಳೂರಲ್ಲಿ ಒಂದು ಪತ್ರಿಕೆಯ ಡೆಸ್ಕಲ್ಲಿ ಸ್ವಲ್ಪ ವರ್ಷ ಇದ್ದೆ. ಅಲ್ಲಿಯ ಕಾರ್ಟೂನಿಸ್ಟನ್ನ ಎಲ್ರೂ ಮಾಸ್ಟ್ರೇ ಅಂತಿದ್ದದ್ದು. ಬೆಳಿಗ್ಗೆ ಏಳೆಂಟು ಪೇಪರ್ ಓದಿ ಬರ್ತಿದ್ರು, ಸಂಜೆ ಐದರ ಹೊತ್ತಿಗೆ ಮೂರು ರಫ್ ಪೆನ್ಸಿಲ್‌ನಲ್ಲಿ ರೆಡಿ, ಸಂಪಾದಕರು ಒಂದನ್ನ ಆರಿಸ್ತಿದ್ರು (ಮಾಸ್ಟ್ರಿಗೆ ಇಷ್ಟದ್ದನ್ನ ಬಿಟ್ಟು), ಆಮೇಲೆ ಕಪ್ಪು ಶಾಯಿ, ತಪ್ಪಿದಲ್ಲಿ ಬಿಳಿ ಬಣ್ಣ, ಸ್ಕ್ಯಾನ್. ಅವರದ್ದೊಂದು ಪರೀಕ್ಷೆ ಇತ್ತು: ಕೆಳಗಿನ ಮಾತಿನ ಮೇಲೆ ಹೆಬ್ಬೆರಳು ಇಟ್ಟು ನಮ್ಗೆ ತೋರಿಸುದು. ಮಾತಿಲ್ಲದೆಯೇ ನಮ್ಗೆ ಅರ್ಥ ಆದ್ರೆ ಮಾತನ್ನ ಅಳಿಸಿಯೇ ಬಿಡ್ತಿದ್ರು.

ಒಂದ್ಸಲ ಒಬ್ಬ ಮುಖಂಡರ ಬಗ್ಗೆ ಬಿಡಿಸ್ಲಿಕ್ಕಿತ್ತು. ಮಾಸ್ಟ್ರು ಮುಖವೇ ಹಾಕಲಿಲ್ಲ. ಖಾಲಿ ಕುರ್ಚಿ, ಕುರ್ಚಿಯ ಬೆನ್ನಿಗೆ ಒಂದು ಶಾಲು, ಪಕ್ಕದಲ್ಲಿ ಒರಗಿಸಿಟ್ಟ ಉದ್ದ ಕೊಡೆ, ಅಷ್ಟೇ. ಮುಖ ಯಾಕೆ ಬೇಡ ಅಂತ ಕೇಳಿದೆ.

"ಮುಖ ಹಾಕಿದ್ರೆ ನಾಳೆ ಫೋನ್ ಬರ್ತದೆ. ಕೊಡೆಗೆ ಯಾರಾದ್ರೂ ಫೋನ್ ಮಾಡ್ತಾರಾ? ಮಾಡಿದ್ರೆ ಅದು ನಾನೇ ಅಂತ ಒಪ್ಪಿದ ಹಾಗೆ ಅಲ್ವಾ?"

ಮರುದಿನ ಹತ್ತೂವರೆಗೆ ಫೋನ್ ಬಂತು.