ರಿಚ್ಮಂಡ್ ರಸ್ತೆಯ ಪ್ರಕರಣ: ತೀರ್ಪುಗಳಿಗೂ ಮೊದಲು ಒಬ್ಬ ಮಗಳಿದ್ದಳು

1991ರಲ್ಲಿ ಬೆಂಗಳೂರಿನಲ್ಲಿ ನಡೆದ ಶಾಕಿರಾ ಖಲೀಲಿ ಕೊಲೆ ಪ್ರಕರಣ ಆಗಾಗ ಸುದ್ದಿಗೆ ಬರುತ್ತಲೇ ಇರುತ್ತದೆ. 2023ರಲ್ಲಿ ಒಟಿಟಿಯಲ್ಲಿ ಸಾಕ್ಷ್ಯಚಿತ್ರ ಬಂತು. 2024ರಲ್ಲಿ, ಆ ಕೊಲೆಗೆ ಶಿಕ್ಷೆ ಅನುಭವಿಸುತ್ತಿದ್ದ ಅವರ ಎರಡನೇ ಗಂಡನ ಬಿಡುಗಡೆ ಅರ್ಜಿ ಸುಪ್ರೀಂ ಕೋರ್ಟ್ ಮುಂದೆ ಬಂತು. ಗಲ್ಲು, ಜೀವಾವಧಿ, ಶಿಕ್ಷೆ ಮಾಫಿ, ಪೆರೋಲ್ ಎಂದು ಚರ್ಚೆ ಬೆಳೆದಷ್ಟೂ ಈ ಪ್ರಕರಣ ಬೆಳಕಿಗೆ ಬಂದದ್ದು ಹೇಗೆ ಎಂಬುದು ಮರೆತುಹೋಗುತ್ತಿದೆ. ಅಮ್ಮ ಎಲ್ಲಿ ಎಂದು ಮಗಳೊಬ್ಬಳು ಬಿಡದೆ ಕೇಳಿದ್ದರಿಂದ ಅದು ಹೊರಬಂತು.

ಶಾಕಿರಾ ಮೈಸೂರಿನ ದಿವಾನರಾಗಿದ್ದ ಸರ್ ಮಿರ್ಜಾ ಇಸ್ಮಾಯಿಲ್ ಅವರ ಮೊಮ್ಮಗಳು. ಬೆಂಗಳೂರಿನಲ್ಲಿ ಅವರ ಹೆಸರಲ್ಲೇ ಬೆಲೆಬಾಳುವ ಆಸ್ತಿಯಿತ್ತು. ಮೊದಲ ಗಂಡ ವಿದೇಶಾಂಗ ಸೇವೆಯ ಅಧಿಕಾರಿ. ನಾಲ್ವರು ಹೆಣ್ಣುಮಕ್ಕಳು. 1980ರ ದಶಕದ ಮೊದಲಲ್ಲಿ, ಆಸ್ತಿ ವ್ಯವಹಾರ ಬಲ್ಲವನು ಎಂದು ಒಬ್ಬ ವ್ಯಕ್ತಿಯ ಪರಿಚಯವಾಯಿತು. 1985ರಲ್ಲಿ ವಿಚ್ಛೇದನ, 1986ರಲ್ಲಿ ಆ ವ್ಯಕ್ತಿಯ ಜೊತೆ ಮದುವೆ. ಆಮೇಲೆ ಜನರಲ್ ಪವರ್ ಆಫ್ ಅಟಾರ್ನಿ (ಅವರ ಪರವಾಗಿ ವ್ಯವಹಾರ ಮಾಡುವ ಅಧಿಕಾರಪತ್ರ), ಉಯಿಲು, ಜಂಟಿ ಬ್ಯಾಂಕ್ ಖಾತೆ, ಲಾಕರ್ ಎಲ್ಲವೂ ಒಂದೊಂದಾಗಿ ಅವನ ಕೈಗೆ ಬಂದವು.

1991ರ ಮೇ ಕೊನೆಯ ಹೊತ್ತಿನಿಂದ ಶಾಕಿರಾ ಯಾರ ಕಣ್ಣಿಗೂ ಬೀಳಲಿಲ್ಲ.

ಇಲ್ಲಿಂದ ಮುಂದಿನ ಮೂರು ವರ್ಷಗಳನ್ನು ಸ್ವಲ್ಪ ನಿಧಾನವಾಗಿ ನೋಡಬೇಕು. ತಾಯಿ ಮರುಮದುವೆಯಾದರೂ ಮಕ್ಕಳ ಒಡನಾಟ ಪೂರ್ತಿ ಕಡಿದಿರಲಿಲ್ಲ. ಫೋನ್ ಇತ್ತು, ಬಂದುಹೋಗುವುದಿತ್ತು. ಒಬ್ಬ ಮಗಳಂತೂ ಅಮ್ಮನಿಗೆ ತುಂಬಾ ಹತ್ತಿರ. ಅವಳು ಫೋನ್ ಮಾಡಿದಾಗಲೆಲ್ಲ ಅಮ್ಮನ ಬದಲು ಆ ಗಂಡನೇ ಮಾತಾಡುತ್ತಿದ್ದ. ಒಮ್ಮೆ ಹೈದರಾಬಾದಿಗೆ ಹೋಗಿದ್ದಾಳೆ ಎಂದ. ಇನ್ನೊಮ್ಮೆ ವಜ್ರದ ವ್ಯಾಪಾರಿಯೊಬ್ಬರ ಮನೆಯ ಮದುವೆಗೆ ಕಛ್‌ಗೆ ಹೋಗಿದ್ದಾಳೆ ಎಂದ. ಆಮೇಲೆ ಆದಾಯ ತೆರಿಗೆಯವರ ತಲೆನೋವು, ಅದಕ್ಕೇ ಯಾರಿಗೂ ಸಿಗುತ್ತಿಲ್ಲ ಎಂಬ ಮಾತು ಬಂತು. ಕೊನೆಗೆ, ಗರ್ಭಿಣಿ, ಅಮೆರಿಕದ ಆಸ್ಪತ್ರೆಯಲ್ಲಿದ್ದಾಳೆ ಎಂದು ಆಸ್ಪತ್ರೆಯ ಹೆಸರನ್ನೂ ಹೇಳಿದ.

ಮಗಳು ಅಲ್ಲಿಗೂ ವಿಚಾರಿಸಿದಳು. ಆ ಹೆಸರಿನವರು ಯಾರೂ ಇಲ್ಲ ಎಂಬ ಉತ್ತರ ಬಂತು. ಮುಂದೆ ಬಾಂಬೆಯ ಹೋಟೆಲೊಂದರಲ್ಲಿ ಅವನನ್ನು ಭೇಟಿಯಾದಾಗ ಅಮ್ಮನ ಪಾಸ್‌ಪೋರ್ಟ್ ಅವಳ ಕಣ್ಣಿಗೆ ಬಿತ್ತು. ಪಾಸ್‌ಪೋರ್ಟ್ ಇಲ್ಲಿರುವಾಗ ಅಮ್ಮ ಅಮೆರಿಕದಲ್ಲಿರಲು ಹೇಗೆ ಸಾಧ್ಯ? ಸುಳ್ಳು ಹಿಡಿಯಲು ಅದಕ್ಕಿಂತ ಜಾಸ್ತಿ ಏನೂ ಬೇಕಿರಲಿಲ್ಲ. ಆದರೆ ಅದನ್ನು ಹಿಡಿದದ್ದು ಪೊಲೀಸರಲ್ಲ, ಮಗಳು.

1992ರ ಜೂನ್ 10ರಂದು ಅವಳು ಬೆಂಗಳೂರಿನ ಅಶೋಕನಗರ ಠಾಣೆಯಲ್ಲಿ ದೂರು ಕೊಟ್ಟಳು. ಅದು ದಾಖಲಾದದ್ದು ಕಾಣೆಯಾದ ಮಹಿಳೆಯ ಪ್ರಕರಣ ಎಂದು. ಅಲ್ಲಿಂದ ಶವ ಸಿಗುವವರೆಗೆ ಸುಮಾರು 21 ತಿಂಗಳು ಹಿಡಿಯಿತು. ಇದಕ್ಕೆ ಯಾರೋ ಒಬ್ಬರನ್ನು ಹೊಣೆ ಮಾಡುವುದು ನ್ಯಾಯವಲ್ಲ. ವಯಸ್ಕ ಹೆಂಗಸು, ಮನೆಯಲ್ಲಿ ಗಂಡ ಇದ್ದಾನೆ, ಹೆಂಡತಿ ಊರಲ್ಲಿಲ್ಲ ಎಂದು ಅವನೇ ಹೇಳುತ್ತಿದ್ದಾನೆ. ಇಷ್ಟಿದ್ದರೆ ಯಾವ ಠಾಣೆಯಲ್ಲೂ ಆತುರ ಇರುತ್ತಿರಲಿಲ್ಲ. ಬಿಟ್ಟುಹೋದ ಸಂಸಾರದ ಮಗಳ ಮಾತಿಗಿಂತ ಜೊತೆಗಿರುವ ಗಂಡನ ಮಾತಿಗೆ ತೂಕ ಜಾಸ್ತಿ ಎಂದು ಎಲ್ಲರೂ ಒಪ್ಪಿಕೊಂಡಿದ್ದ ಕಾಲ ಅದು. ಈಗ ಅದು ಪೂರ್ತಿ ಬದಲಾಗಿದೆ ಎಂದೇನೂ ಇಲ್ಲ, ಅಲ್ವಾ?

ಶಾಕಿರಾ ಕಾಣೆಯಾದ ಮೇಲೂ ಅವರ ಆಸ್ತಿಗಳು ಪವರ್ ಆಫ್ ಅಟಾರ್ನಿಯ ಬಲದಲ್ಲಿ ಮಾರಾಟವಾಗುತ್ತಿದ್ದವು. ಬರೆದುಕೊಟ್ಟವರು ಸತ್ತರೆ ಆ ಪತ್ರಕ್ಕೆ ಬೆಲೆಯಿಲ್ಲ. ಅಂದರೆ ಪ್ರತಿ ವ್ಯವಹಾರಕ್ಕೂ ಅವರು ಕಾಗದದ ಮೇಲೆ ಬದುಕಿರಬೇಕಿತ್ತು. ಆಸ್ತಿಯ ಒಡತಿ ಎಲ್ಲಿದ್ದಾರೆ ಎಂದು ಕೇಳಲು ಆ ಒಂದೊಂದು ವ್ಯವಹಾರವೂ ಒಂದು ಅವಕಾಶವಾಗಿತ್ತು.

1994ರ ಮಾರ್ಚ್‌ನಲ್ಲಿ ತನಿಖೆ ಬೆಂಗಳೂರು ಪೊಲೀಸರ ಕೇಂದ್ರ ಅಪರಾಧ ವಿಭಾಗದ (ಸಿಸಿಬಿ) ಕೈಗೆ ಬಂತು. ಮನೆಕೆಲಸದವರ ಹೇಳಿಕೆಗಳು ದಿಕ್ಕು ತೋರಿಸಿದವು. ಮಾರ್ಚ್ 30ರಂದು ಶಾಕಿರಾ ಗಂಡನ ಜೊತೆ ವಾಸವಿದ್ದ ರಿಚ್ಮಂಡ್ ರಸ್ತೆಯ ಮನೆಯ ಅಂಗಳ ಅಗೆದಾಗ ಮರದ ಪೆಟ್ಟಿಗೆಯಲ್ಲಿ ಅಸ್ಥಿಪಂಜರ ಸಿಕ್ಕಿತು. ಅಗೆಯುವುದನ್ನೆಲ್ಲ ವಿಡಿಯೊ ಮಾಡಿಕೊಂಡಿದ್ದರು. ಶಾಕಿರಾ ಅವರ ತಾಯಿ ಬಳೆ, ಉಂಗುರಗಳನ್ನು ಗುರುತಿಸಿದರು. ತಲೆಬುರುಡೆಯನ್ನು ಫೋಟೊ ಜೊತೆ ಹೋಲಿಸುವ ಪರೀಕ್ಷೆ ಮತ್ತು ಡಿಎನ್‌ಎ ಪರೀಕ್ಷೆ ಅದನ್ನು ಗಟ್ಟಿ ಮಾಡಿದವು. ಮಗಳು ಫೋನಿನಲ್ಲಿ ಅಮ್ಮ ಎಲ್ಲಿ ಎಂದು ಕೇಳುತ್ತಿದ್ದ ಅಷ್ಟೂ ದಿನ ಅಮ್ಮ ಆ ಮನೆಯಂಗಳದಲ್ಲೇ ಇದ್ದರು. ಇದನ್ನು ಬರೆಯುವಾಗಲೂ ಕೈ ನಿಲ್ಲುತ್ತದೆ.

ಮುಂದಿನದು ಕೋರ್ಟಿನ ಕಥೆ. 2005ರಲ್ಲಿ ಸೆಷನ್ಸ್ ಕೋರ್ಟ್ ಗಂಡನಿಗೆ ಗಲ್ಲು ಶಿಕ್ಷೆ ಕೊಟ್ಟಿತು, ಹೈಕೋರ್ಟ್ ಅದೇ ವರ್ಷ ಎತ್ತಿಹಿಡಿಯಿತು. 2007ರಲ್ಲಿ ಸುಪ್ರೀಂ ಕೋರ್ಟಿನ ಇಬ್ಬರು ನ್ಯಾಯಮೂರ್ತಿಗಳು ಅಪರಾಧವನ್ನು ಒಪ್ಪಿದರು, ಶಿಕ್ಷೆಯ ಬಗ್ಗೆ ಭಿನ್ನ ಅಭಿಪ್ರಾಯ ಕೊಟ್ಟರು. 2008ರ ಜುಲೈ 22ರಂದು ಮೂವರ ಪೀಠ ಗಲ್ಲನ್ನು ತೆಗೆದು, ಬದುಕಿರುವವರೆಗೂ ಜೈಲು, ಶಿಕ್ಷೆ ಮಾಫಿ ಇಲ್ಲ ಎಂದಿತು. ಸಾಮಾನ್ಯ ಜೀವಾವಧಿಗೂ ಗಲ್ಲಿಗೂ ನಡುವಿನ ಈ ಶಿಕ್ಷೆಯನ್ನು 2015ರಲ್ಲಿ ಸಂವಿಧಾನ ಪೀಠವೂ ಒಪ್ಪಿತು. ಈಗ ದೇಶದ ಎಷ್ಟೋ ಪ್ರಕರಣಗಳಲ್ಲಿ 2008ರ ಆ ತೀರ್ಪನ್ನು ಉಲ್ಲೇಖಿಸುತ್ತಾರೆ. 80 ದಾಟಿದ ಕೈದಿ, 1994ರಿಂದ ಒಂದು ದಿನವೂ ಪೆರೋಲ್ ಸಿಕ್ಕಿಲ್ಲ ಎಂದು 2024ರಲ್ಲಿ ಬಿಡುಗಡೆ ಕೇಳಿದ. ಸುಪ್ರೀಂ ಕೋರ್ಟ್ ಆ ಕೋರಿಕೆಯನ್ನು ತಳ್ಳಿಹಾಕಿತು. ಸಾಯುವವರೆಗೂ ಯಾವ ಆಸೆಯೂ ಇಲ್ಲದೆ ಒಬ್ಬನನ್ನು ಒಳಗಿಡಬಹುದೇ ಎಂಬುದು ಸುಮ್ನೆ ಪಕ್ಕಕ್ಕೆ ತಳ್ಳುವ ಪ್ರಶ್ನೆಯಲ್ಲ. ಆದರೆ ಚರ್ಚೆಯೆಲ್ಲ ಅಲ್ಲೇ ನಿಂತರೆ ಆ 21 ತಿಂಗಳ ಬಗ್ಗೆ ಯಾರೂ ಕೇಳುವುದಿಲ್ಲ.

ಮಕ್ಕಳ ವಿಷಯದಲ್ಲಿ ಆ ಪ್ರಶ್ನೆಗೆ ಸ್ವಲ್ಪ ಉತ್ತರ ಸಿಕ್ಕಿದೆ. ಮಗು ಕಾಣೆಯಾದ ದೂರು ಬಂದರೆ ಅಪಹರಣವೋ ಮಾನವ ಕಳ್ಳಸಾಗಣೆಯೋ ಆಗಿದೆ ಎಂದೇ ತಿಳಿದು ಎಫ್‌ಐಆರ್ ಹಾಕಬೇಕು ಎಂದು ಸುಪ್ರೀಂ ಕೋರ್ಟ್ 2013ರಲ್ಲಿ ಹೇಳಿತು. ಆ ಆದೇಶ ಮಕ್ಕಳಿಗೆ ಮಾತ್ರ. ವಯಸ್ಕ ಹೆಂಗಸು ಕಾಣೆಯಾದರೆ, ಅದರ ಹಿಂದೆ ಅಪರಾಧ ಇರಬಹುದು ಎಂದು ಠಾಣೆಗೆ ಅನ್ನಿಸುವಂತೆ ಮಾಡುವ ಕೆಲಸ ಇವತ್ತಿಗೂ ಮನೆಯವರದ್ದೇ.